ಗುರ್ತ ಸಿಕ್ಕಿಲ್ಯಾ?

ಜನರನ್ನು ಬೇಸ್ತು ಬೀಳಿಸಿ ಅವರ ಮುಖ ಚಿತ್ರೀಕರಿಸುವ ಕೆಲಸದಲ್ಲಿ ನೋಡುವವರು ಬೇರೆ, ಕೇಳುವವರು ಬೇರೆ. ನಮ್ಮ ತಂಡದಲ್ಲಿ ಕೇಳುವವಳು ನಾನು. ವ್ಯಾನಿನ ಹಿಂದಿನ ಸೀಟಿನಲ್ಲಿ ಪರದೆ ಎಳೆದುಕೊಂಡು, ಹೆಡ್‌ಫೋನ್ ಏರಿಸಿಕೊಂಡು, ಸೆಕೆಯಲ್ಲಿ ಬೆಂದುಹೋಗುತ್ತಾ ಊರವರ ಮಾತು ಕೇಳುವುದೇ ನನ್ನ ಉದ್ಯೋಗ. ಹೊರಗೆ ನಡೆಯುವುದು ನನಗೆ ಕಾಣುತ್ತಲೇ ಇರಲಿಲ್ಲ. ಮರುದಿನ ಸಂಕಲನಕ್ಕೆ ಕುಳಿತಾಗ ಮಾತ್ರ ಮುಖಗಳು ಸಿಗುತ್ತಿದ್ದವು.

ತಂಡ ಎಂದರೆ ಮೂರೇ ಜನ. ಚಾನೆಲ್ ನಡೆಸುವವನು ಒಬ್ಬ. ಜಾಗ ಗೊತ್ತು ಮಾಡುವುದು, ಕ್ಯಾಮೆರಾ ಅಡಗಿಸುವುದು, ಜನ ಯಾವುದಕ್ಕೆ ನಗುತ್ತಾರೆ ಎಂದು ತೀರ್ಪು ಕೊಡುವುದು ಎಲ್ಲ ಅವನದೇ. ನನಗಿಂತ ಸಣ್ಣವನಾದರೂ ನಾನವನನ್ನು ಯಜಮಾನ ಎನ್ನುತ್ತಿದ್ದೆ, ಅರ್ಧ ಕುಚೋದ್ಯಕ್ಕೆ. ಇನ್ನೊಬ್ಬ ವೇಷದವನು. ಯಕ್ಷಗಾನ ಮೇಳದಲ್ಲಿ ಹಾಸ್ಯ ಪಾತ್ರ ಮಾಡಿ ಪಳಗಿದವನು. ಗಡ್ಡ ಅಂಟಿಸಿಕೊಂಡರೆ ಅವನ ಹೆಂಡತಿಗೂ ಗುರುತು ಹತ್ತುತ್ತಿರಲಿಲ್ಲ. ಮೂರನೆಯವಳು ನಾನು. ಇವರಲ್ಲಿ ಯಾರ ಹೆಸರನ್ನೂ ಹೇಳುವ ಹಾಗಿಲ್ಲ, ಮುಂದೆ ಬರುವವರದ್ದೂ ಇಲ್ಲ. ವಿಚಾರಣೆ ಇನ್ನೂ ಮುಗಿದಿಲ್ಲ.

ನಮ್ಮ ಕಾರ್ಯಕ್ರಮದ ಹೆಸರು 'ಗುರ್ತ ಸಿಕ್ಕಿಲ್ಯಾ?'. ಗುರುತು ಸಿಗಲಿಲ್ಲವೇ ಎಂದು ಕೇಳುವುದು, ಅಷ್ಟೇ ಉಪಾಯ. ವೇಷದವನು ದಾರಿಯಲ್ಲಿ ಹೋಗುವ ಅಪರಿಚಿತರನ್ನು ನಿಲ್ಲಿಸಿ, ಹಲ್ಲು ಕಿರಿದು, "ಹ್ವಾಯ್, ಗುರ್ತ ಸಿಕ್ಕಿಲ್ಯಾ? ಬೊಂಬಾಯಿಂದ ನಿನ್ನೆ ಬಂದದ್ದ್" ಅನ್ನಬೇಕು. ಹೆಸರು ಹೇಳಬಾರದು, ಊರು ಹೇಳಬಾರದು, ಯಾರ ಮನೆಯೆಂದು ಬಾಯಿ ಬಿಡಬಾರದು. ಉಳಿದದ್ದನ್ನು ಎದುರಿನವರೇ ಪೂರೈಸುತ್ತಾರೆ.

ಬೇರೆ ಊರಲ್ಲಾದರೆ ನೀವು ಯಾರೋ ಗೊತ್ತಿಲ್ಲ ಎಂದು ಹೇಳಿ ನಡೆದುಬಿಡುತ್ತಾರೇನೋ. ನಮ್ಮ ಕಡೆ ಆ ಮಾತು ಬಾಯಿಂದ ಹೊರಡುವುದಿಲ್ಲ. ಗುರುತು ಸಿಗಲಿಲ್ಲ ಎಂದರೆ ಎದುರಿನವರನ್ನು ಜಗುಲಿಯಿಂದ ಎಬ್ಬಿಸಿ ಕಳಿಸಿದಷ್ಟೇ ಕೆಟ್ಟದ್ದು. ಮೇಲಾಗಿ ಮನೆಗೊಬ್ಬರಾದರೂ ಮುಂಬೈಯ ಹೋಟೆಲು ಸೇರಿದವರು ಇದ್ದೇ ಇರುತ್ತಾರೆ. ಹಾಗಾಗಿ ಎದುರಿನವರು ಮೊದಲು "ಓಹೋ" ಎಂದು ನಗುತ್ತಾರೆ, ಆಮೇಲೆ ತಲೆಯೊಳಗೆ ನೆಂಟರನ್ನೆಲ್ಲ ತಡಕುತ್ತಾರೆ, ಕೊನೆಗೆ ಒಂದು ಹೆಸರನ್ನು ತಾವೇ ತಂದು ನಮ್ಮವನ ಹಣೆಗೆ ಅಂಟಿಸುತ್ತಾರೆ. ಬೈಂದೂರು ಬಸ್‌ ನಿಲ್ದಾಣದಲ್ಲಿ ಒಬ್ಬರು ನಮ್ಮವನನ್ನು ಷಡ್ಡಕನ ತಮ್ಮನೆಂದು ತೀರ್ಮಾನಿಸಿ ಹೋಟೆಲಿಗೆ ಕರೆದೊಯ್ದು ಗೋಳಿಬಜೆ ತಿನ್ನಿಸಿದರು. ಸಾಸ್ತಾನದ ಟೋಲ್ ಹತ್ತಿರ ಒಬ್ಬ ಹೆಂಗಸು, ಅತ್ತೆ ತೀರಿಕೊಂಡಾಗ ಬೊಂಬಾಯಿಯಿಂದ ಬರಲಿಲ್ಲವೆಂದು ನಡುರಸ್ತೆಯಲ್ಲಿ ಬೈದು ನೀರಿಳಿಸಿದಳು. ವೇಷದವನು ಇಲ್ಲದ ಅತ್ತೆಗಾಗಿ ಕ್ಷಮೆ ಕೇಳಿದ. ಇಂಥವನ್ನು ಜನ ಮುಗಿಬಿದ್ದು ನೋಡಿದರು.

ಕೊನೆಗೆ ನಮ್ಮವನು ಗಡ್ಡ ಕಿತ್ತು, ಕ್ಯಾಮೆರಾ ಇರುವ ಕಡೆ ಕೈ ತೋರಿಸಿ, ನಗಿ ಎನ್ನುತ್ತಿದ್ದ. ಹಾಕಬಹುದೇ ಎಂದು ಆಮೇಲೆ ಕೇಳುತ್ತಿದ್ದೆವು. ಬೇಡ ಅಂದರೆ ಅಲ್ಲೇ ಅಳಿಸುವುದು ನಮ್ಮ ಪದ್ಧತಿ.

ಕೆಲಸ ಕೇಳಿದಷ್ಟು ಸುಲಭದ್ದಲ್ಲ. ಯಜಮಾನ ಮೊದಲು ಕ್ಯಾಮೆರಾವನ್ನು ಮೀನಿನ ಥರ್ಮಾಕೋಲ್ ಪೆಟ್ಟಿಗೆಯಲ್ಲಿಟ್ಟು, ತೂತು ಕೊರೆದು, ಬೈಕಿನ ಹಿಂದೆ ಕಟ್ಟಿದ. ಮೀನಿನ ಪೆಟ್ಟಿಗೆಯೊಳಗೆ ಯಾರು ಇಣುಕುತ್ತಾರೆ ಎಂಬುದು ಅವನ ತರ್ಕ. ನಮ್ಮೂರಲ್ಲಿ ಎಲ್ಲರೂ ಇಣುಕುತ್ತಾರೆ. ಬೂತಾಯಿ ಉಂಟೇ ಎಂದು ಕೇಳುವವರ ಬೆನ್ನೇ ನಮ್ಮ ಚಿತ್ರದ ತುಂಬ ಬಂತು. ಆಮೇಲೆ ಬಾಳೆಹಣ್ಣಿನ ರಟ್ಟಿನ ಡಬ್ಬಕ್ಕೆ ಬದಲಾದೆವು. ನನ್ನ ತೊಂದರೆ ಬೇರೆ. ಕಡಲ ಉಪ್ಪು ಗಾಳಿಗೆ ವೇಷದವನ ಎದೆ ಮೈಕಿನ ತಂತಿಯ ತುದಿ ಕಿಲುಬು ಹಿಡಿದು, ಸದ್ದು ನಡುನಡುವೆ ಕರಕರ ಎಂದು ಸತ್ತುಹೋಗುತ್ತಿತ್ತು. ಹೊಸದು ತರಿಸುವವರೆಗೆ ಇರಲಿ ಎಂದು ಒಂದು ಸಣ್ಣ ರೆಕಾರ್ಡರನ್ನು ಜಾಗದ ಹತ್ತಿರವೇ ಎಲ್ಲಾದರೂ ಹುದುಗಿಸಿಡುವುದನ್ನು ರೂಢಿ ಮಾಡಿಕೊಂಡೆ. ಚಿತ್ರಕ್ಕೂ ಸದ್ದಿಗೂ ಹೊಂದಿಸಲು ಚಪ್ಪಾಳೆ ತಟ್ಟುವಂತಿರಲಿಲ್ಲವಲ್ಲ, ಅದಕ್ಕೆ ವೇಷದವನು ಮಾತು ಶುರು ಮಾಡುವ ಮೊದಲು ಒಂದು ಸಲ ಗಟ್ಟಿಯಾಗಿ ಕೆಮ್ಮುತ್ತಿದ್ದ.

ಮರವಂತೆಯಲ್ಲಿ ಒಂದು ಎಡವಟ್ಟಾಯಿತು. ಅಲ್ಲಿ ಸಿಕ್ಕ ಒಬ್ಬರಿಗೆ ಮುಂಬೈಯ ಒಬ್ಬ ನಿಜವಾದ ನೆಂಟನ ಮೇಲೆ ಹಳೆಯ ಸಿಟ್ಟಿತ್ತು. ಕೊಡೆ ಎತ್ತಿಕೊಂಡು ನಮ್ಮವನನ್ನು ಅಟ್ಟಿಸಿಕೊಂಡು ಬಂದರು. ಅವನು ಕಡಲಿಗೆ ಹಾಕಿದ ಕಲ್ಲುಗಳ ಮೇಲೆ ಓಡಿ ಬಲಗಾಲು ಉಳುಕಿಸಿಕೊಂಡ. ಯಜಮಾನನಿಗೆ ನಗು ತಡೆಯಲಾಗಲಿಲ್ಲ. ನಾನು ರೇಗಿದೆ, ಎರಡು ದಿನ ಬಿಡುವು ಕೊಡು ಎಂದೆ. ಕುಂಟಿದರೆ ಪಾತ್ರ ಇನ್ನೂ ಚಂದ ಕಾಣುತ್ತದೆ ಎಂದು ಅವನು ಮರುದಿನವೇ ಬ್ರಹ್ಮಾವರಕ್ಕೆ ವ್ಯಾನು ತಿರುಗಿಸಿದ.

ಬ್ರಹ್ಮಾವರದ ಹತ್ತಿರದ ಒಂದು ತೆಂಗಿನಕಾಯಿ ಮಂಡಿ ಅವನ ಕಣ್ಣಿಗೆ ಬಿದ್ದಿತ್ತು. ಮಂಡಿಯ ಸಾಹುಕಾರರು ದೊಡ್ಡ ಹೊಟ್ಟೆಯ, ಮಾತು ಕಮ್ಮಿಯ, ಊರಲ್ಲಿ ತೂಕವಿರುವ ಮನುಷ್ಯ. ಇಂಥವರು ಬೆಚ್ಚಿದರೆ ನಗು ಜಾಸ್ತಿ ಎಂಬುದು ಯಜಮಾನನ ಲೆಕ್ಕಾಚಾರ. ಬೆಳಿಗ್ಗೆ ಕಾಯಿ ಕೊಳ್ಳುವ ನೆಪದಲ್ಲಿ ಹೋಗಿ, ಸಂಜೆ ಬಂದು ಒಯ್ಯುತ್ತೇವೆ ಎಂದು ಹೇಳಿ, ಕ್ಯಾಮೆರಾ ಅಡಗಿಸಿದ ಚೀಲವನ್ನು ತಕ್ಕಡಿಯ ಪಕ್ಕ ಬಿಟ್ಟುಬಂದ. ನಾನು ಬಾಗಿಲ ಬುಡದ ಸಿಪ್ಪೆ ರಾಶಿಯೊಳಗೆ ರೆಕಾರ್ಡರನ್ನು ತೂರಿಸಿದೆ. ಆಚೆ ಬದಿಯ ಬೈಕಿನ ಮೇಲೆ ಇನ್ನೊಂದು ಕ್ಯಾಮೆರಾದ ಬಾಳೆಹಣ್ಣಿನ ಡಬ್ಬ ಇತ್ತು.

ಹೊತ್ತು ಇಳಿಯುತ್ತಿದ್ದಾಗ ಆಳುಗಳು ಹೊರಟುಹೋದರು. ಸಾಹುಕಾರರು ಒಬ್ಬರೇ ಉಳಿದರು. ಬೆಳ್ಳಗಿನ ಕುರುಚಲು ಗಡ್ಡ, ಹೋಟೆಲಿನವರ ಬಿಳಿ ಅಂಗಿ ತೊಟ್ಟ ನಮ್ಮವನು ಕುಂಟುತ್ತಾ ಹೋಗಿ ಬಾಗಿಲ ದಾರಂದ ಹಿಡಿದು ನಿಂತ. ಬೆಳಕು ಅವನ ಬೆನ್ನಿಗಿತ್ತು. ನನಗೆ ಕೆಮ್ಮು ಕೇಳಿಸಿತು. ಆಮೇಲೆ, "ಅಣ್ಣಯ್ಯಾ, ಗುರ್ತ ಸಿಕ್ಕಿಲ್ಯಾ?"

ಯಾವಾಗಲೂ ಒಂದು ಉಸಿರಿನೊಳಗೆ "ಓಹೋ" ಬರುತ್ತಿತ್ತು. ಈ ಸಲ ಏನೂ ಬರಲಿಲ್ಲ. ಬೊಂಬಾಯಿಯ ಮಾತನ್ನು ನಮ್ಮವನು ಇನ್ನೂ ಹೇಳಿರಲಿಲ್ಲ. ತಕ್ಕಡಿಯ ತಟ್ಟೆ ನೆಲಕ್ಕೆ ಬಿದ್ದ ಸದ್ದು, ಕಾಯಿಗಳು ಉರುಳುವ ಸದ್ದು, ಭಾರವಾದದ್ದೇನೋ ಕುಸಿದ ಸದ್ದು. ಎದೆ ಮೈಕು ಕರಕರ ಎಂದಿತು. ಅದರ ಕೆಳಗೆ ಎಲ್ಲೋ ಒಂದು ದನಿ ಗೊಣಗುತ್ತಿತ್ತು, ಒಂದಕ್ಷರವೂ ಹಿಡಿಯಲಾಗಲಿಲ್ಲ. ಮುಂದಿನ ಸೀಟಿನಲ್ಲಿ ಯಜಮಾನ ಮೊಬೈಲಿನಲ್ಲಿ ಚಿತ್ರ ನೋಡುತ್ತಾ ಬಾಯಿಗೆ ಕೈ ಒತ್ತಿ ನಗುತ್ತಿದ್ದ. ಸಾಹುಕಾರರು ನಮ್ಮವನ ಕಾಲಿಗೆ ಬಿದ್ದರು, ಕಾಲನ್ನೇ ತಬ್ಬಿಕೊಂಡಿದ್ದಾರೆ ಎಂದ. ನನಗೆ ಮಾತ್ರ ಆ ಗೊಣಗುವ ದನಿ ಸರಿಬರಲಿಲ್ಲ.

ವೇಷದವನು ಗಾಬರಿಯಾಗಿ ಬೇಗನೆ ಗಡ್ಡ ಕಿತ್ತು ಕ್ಯಾಮೆರಾ ತೋರಿಸಿದ. ಸಾಹುಕಾರರು ತುಸು ಹೊತ್ತು ಹಾಗೇ ನೆಲದ ಮೇಲಿದ್ದರು. ಆಮೇಲೆ ನಗತೊಡಗಿದರು. ಮೋಸ ಹೋದವರ ನಗು ನನಗೆ ಚೆನ್ನಾಗಿ ಗೊತ್ತು, ಅದರಲ್ಲಿ ನಾಚಿಕೆ ಇರುತ್ತದೆ, ಕೊನೆಗೆ ಒಂದು ಬೈಗುಳವೂ ಇರುತ್ತದೆ. ಇವರ ನಗುವಿನಲ್ಲಿ ಅವೆರಡೂ ಇರಲಿಲ್ಲ, ನಿಲ್ಲಲೂ ಇಲ್ಲ. ನಾವು ವ್ಯಾನಿನಿಂದ ಇಳಿದು ಮಂಡಿಗೆ ಬರುವವರೆಗೂ ನಗುತ್ತಲೇ ಇದ್ದರು.

ಅವರೇ ಸೀಯಾಳ ಕೆತ್ತಿ ಕೊಟ್ಟರು. ಹಾಕಿ, ಧಾರಾಳ ಹಾಕಿ, ಜನ ನಗಲಿ ಎಂದರು. ಆಮೇಲೆ ಕತ್ತಿಯನ್ನು ಮಡಿಲಲ್ಲಿಟ್ಟುಕೊಂಡು ಒಬ್ಬೊಬ್ಬರನ್ನೇ ಯಾರ ಮನೆಯವರು ಎಂದು ವಿಚಾರಿಸಿದರು. ಯಜಮಾನ ಗುಲ್ವಾಡಿ ಕಡೆಯವನೆಂದು ಹೇಳಿದ ಕೂಡಲೇ ಹೊಳೆ ಬದಿಯ ಅವನ ಮನೆಯ ಗುರುತು ಹಿಡಿದರು. ವೇಷದವನ ಸೋದರಮಾವನ ಅಂಗಡಿ ಯಾವುದೆಂದು ಅವರಿಗೆ ಗೊತ್ತಾಯಿತು. ನಾವು ಇಷ್ಟು ದಿನ ಊರಿನವರ ಜೊತೆ ಆಡಿದ ಆಟವನ್ನೇ ಅವರು ನಮ್ಮ ಮೇಲೆ ಸಾವಕಾಶವಾಗಿ ಆಡುತ್ತಿದ್ದರು. ನಾನು ಬಾಗಿ ಸಿಪ್ಪೆ ರಾಶಿಯಿಂದ ರೆಕಾರ್ಡರು ತೆಗೆಯುವುದನ್ನು ನೋಡಿ ಅದೇನೆಂದು ಕೇಳಿದರು. ಮೈಕು ಎಂದೆ.

"ಮೈಕ್ ಸೆಟ್ಟಿನವ್ರ ಮಗ್ಳ್ ಅಲ್ದಾ ನೀವ್? ನಿಮ್ಮ ಅಪ್ಪಯ್ಯನ ಗುರ್ತ ಇತ್ತ್ ನಂಗೆ," ಎಂದರು. "ಸಾಯಂಕಾಲ ಹೊತ್ತಿಗೆ ಅಂಗ್ಡಿ ಎದ್ರಿಗೆ ಒಬ್ರೇ ಕೂತ್ಕಂತ್ರ್."

ಆ ಮಾತಿನಲ್ಲಿ ತಪ್ಪು ಹುಡುಕಲು ಏನೂ ಇರಲಿಲ್ಲ. ಆದರೂ ಸೀಯಾಳವನ್ನು ಅರ್ಧಕ್ಕೇ ಕೆಳಗಿಟ್ಟೆ.

ಮರುದಿನ ಬೆಳಿಗ್ಗೆ ಕುಂದಾಪುರದ ನಮ್ಮ ಸ್ಟುಡಿಯೋದಲ್ಲಿ ಸಂಕಲನಕ್ಕೆ ಕುಳಿತೆ. ಸ್ಟುಡಿಯೋ ಎಂದರೆ ಬಾಡಿಗೆ ಕಟ್ಟಡದ ಮಾಳಿಗೆಯಲ್ಲಿ ಒಂದೇ ಕೋಣೆ. ಎದೆ ಮೈಕಿನ ಸದ್ದು ಕಸಕ್ಕೂ ಯೋಗ್ಯವಿರಲಿಲ್ಲ. ರೆಕಾರ್ಡರಿನದ್ದನ್ನು ಕಂಪ್ಯೂಟರಿಗೆ ಇಳಿಸಿ, ಕೆಮ್ಮಿಗೆ ಕೆಮ್ಮು ಹೊಂದಿಸಿದೆ. ಮನುಷ್ಯ ನಿಂತು ಮಾತಾಡಿದ್ದರೆ ಅದರಲ್ಲೂ ಏನೂ ಸಿಗುತ್ತಿರಲಿಲ್ಲ. ಆದರೆ ಸಾಹುಕಾರರು ಕುಸಿದದ್ದು ಸಿಪ್ಪೆ ರಾಶಿಯ ಮೇಲೆ. ಅವರ ಬಾಯಿ ಸರಿಯಾಗಿ ರೆಕಾರ್ಡರಿನ ಮೇಲಿತ್ತು. ಕಿವಿಯೊಳಗೆ ಕುಳಿತು ಹೇಳಿದ ಹಾಗೆ ಪ್ರತಿ ಮಾತೂ ಸ್ಪಷ್ಟವಿತ್ತು.

"ಕಾಲ್ ಇನ್ನೂ ಸಮ ಆಯ್ಲ್ಯಾ ನಿಂಗೆ? ವರ್ಷ ವರ್ಷ ತಪ್ದೆ ಎಡೆ ಹಾಕ್ತಾ ಇದ್ದೆ. ನಿನ್ನ ಹೆಂಡ್ತಿಗೆ ಎಂತ ಕಮ್ಮಿ ಮಾಡ್ಲಿಲ್ಲೆ. ಎಂತಕ್ ಬಂದೆ ಮತ್ತೆ? ಎಂತಕ್ ಬಂದೆ?"

ಎಡೆ ಎಂದರೆ ಸತ್ತವರಿಗೆ ಬಡಿಸುವ ಊಟ. ಎಲೆ ಹಾಕಿ, ಅವರಿಗೆ ಇಷ್ಟವಿದ್ದದ್ದನ್ನೆಲ್ಲ ಬಡಿಸಿ, ದೀಪ ಇಟ್ಟು, ಬಾಗಿಲು ಮುಚ್ಚಿ ಸ್ವಲ್ಪ ಹೊತ್ತು ಹೊರಗೆ ನಿಲ್ಲುತ್ತೇವೆ. ಬದುಕಿದ್ದವರಿಗೆ ಯಾರೂ ಎಡೆ ಹಾಕುವುದಿಲ್ಲ.

ನಾನು ಹೆಡ್‌ಫೋನ್ ತೆಗೆದು ಮೇಜಿನ ಮೇಲಿಟ್ಟೆ. ಕೆಳಗೆ ಹೋಗಿ, ಬ್ರಹ್ಮಾವರದಲ್ಲಿ ಮದುವೆ ಮಾಡಿಕೊಂಡಿದ್ದ ನನ್ನ ಶಾಲೆಯ ಗೆಳತಿಗೆ ಫೋನು ಮಾಡಿ, ಮಂಡಿಯ ಸಾಹುಕಾರರಿಗೆ ತಮ್ಮಂದಿರು ಇದ್ದಾರೆಯೇ ಎಂದು ಹೀಗೇ ಸುಮ್ಮನೆ ವಿಚಾರಿಸಿದೆ. ಒಬ್ಬನೇ ಇದ್ದ, ಮುಂಬೈಗೆ ಹೋಟೆಲು ಕೆಲಸಕ್ಕೆ ಹೋದವನು ಎಷ್ಟೋ ವರ್ಷದಿಂದ ಬಂದಿಲ್ಲ, ಅಲ್ಲೇ ಬೇರೆ ಸಂಸಾರ ಹೂಡಿದ್ದಾನಂತೆ ಎಂದಳು. ಅವನ ಹೆಂಡತಿ ಸಾಹುಕಾರರ ಮನೆಯಲ್ಲೇ ಅಡುಗೆ ನೋಡಿಕೊಂಡಿದ್ದಾಳೆ, ಒಳ್ಳೆಯ ಹೆಂಗಸು, ಇವತ್ತಿಗೂ ಕರಿಮಣಿ ಕುಂಕುಮ ತೆಗೆದಿಲ್ಲ, ಬರುತ್ತಾರೆ ಎಂದೇ ಹೇಳುತ್ತಾಳೆ. ಅವನನ್ನು ಬೈಂದೂರಿನಲ್ಲಿ ಬಸ್ಸು ಹತ್ತಿಸಿ ಬಂದದ್ದು ಸಾಹುಕಾರರೇ ಅಂತೆ.

ಯಜಮಾನ ಬಂದವನೇ ಚಿತ್ರ ನೋಡಿ ಕುರ್ಚಿಯಲ್ಲಿ ಕುಣಿದ. ತಕ್ಕಡಿ ಬೀಳುವುದು, ಆ ದೊಡ್ಡ ಹೊಟ್ಟೆ ಉರುಳಿದ ಕಾಯಿಗಳ ಮೇಲೆ ಜಾರಿ ಸಿಪ್ಪೆ ರಾಶಿಗೆ ಬೀಳುವುದು, ಕೈ ಕಾಲು ಬಡಿಯುವುದು. ನಿಜ ಹೇಳಬೇಕೆಂದರೆ ಸದ್ದಿಲ್ಲದೆ ನೋಡಿದರೆ ನಗು ಬರುತ್ತಿತ್ತು. ಅವನ ತಲೆಗೆ ಹೆಡ್‌ಫೋನ್ ಹಾಕಿದೆ. ಕೇಳಿದ. ಮುಖ ಸ್ವಲ್ಪ ಸಪ್ಪಗಾಯಿತು. ಆಮೇಲೆ, ಹೆದರಿದವನು ಏನೋ ಬಡಬಡಿಸಿದ್ದಾನೆ, ಅದನ್ನೆಲ್ಲ ಹಿಡಿದು ಕೂತರೆ ಆಗುತ್ತದೆಯೇ ಎಂದ. "ಅಕ್ಕಾ, ಮಾತ್ ಬಿಡಿ, ಮುಖ ಕಾಣಿ." ಇದನ್ನು ಹಾಕಿದರೆ ನಾನು ಈ ಕೋಣೆಗೆ ಕಾಲಿಡುವುದಿಲ್ಲ ಎಂದೆ. ಎರಡು ದಿನ ತಡೆಯೋಣ ಎಂದು ಅವನು ಗೊಣಗಿಕೊಂಡ.

ಆ ಎರಡು ದಿನವೂ ನಮಗೆ ಸಿಗಲಿಲ್ಲ. ಅದೇ ಮಧ್ಯಾಹ್ನ ಸಾಹುಕಾರರು ಮೆಟ್ಟಿಲು ಹತ್ತಿ ಬಂದರು. ಅಷ್ಟು ದಪ್ಪ ಮನುಷ್ಯನ ಹೆಜ್ಜೆ ಸದ್ದು ನನಗೆ ಕೇಳಿಸಿಯೇ ಇರಲಿಲ್ಲ. ಬಾಳೆಗೊನೆಯೊಂದನ್ನು ತಂದು ಮೂಲೆಯಲ್ಲಿಟ್ಟರು. ಕುಳಿತರು. ಚಿತ್ರ ತೋರಿಸಲು ಹೇಳಿದರು. ತಮ್ಮನ್ನೇ ತಾವು ನೋಡುತ್ತಾ ಹೊಟ್ಟೆ ಕುಲುಕಿಸಿ ನಕ್ಕರು. ಬೇಡವೆನ್ನಲು ಬಂದಿದ್ದಾರೆ, ಪದ್ಧತಿಯ ಪ್ರಕಾರ ಅಳಿಸಿ ಕೈ ತೊಳೆದುಕೊಳ್ಳಬಹುದು ಎಂದು ನಾನು ಅಂದುಕೊಂಡಿದ್ದೆ.

"ಹಾಕಿ," ಎಂದರು. "ಇವತ್ತೇ ಹಾಕಿ. ಮಾತ್ ಬ್ಯಾಡ. ಮಾತ್ ತೆಗ್ದ್ ಚಂಡೆ ಬಡ್ಸಿ. ತಮಾಷಿಗೆ ಮಾತೆಂತಕ್?"

ನನ್ನ ಕಡೆ ತಿರುಗಿ, ಸಿಪ್ಪೆಯೊಳಗೆ ಇದ್ದದ್ದನ್ನೂ ಅಳಿಸಿಬಿಡಿ ಎಂದರು. ನಾನು ರೆಕಾರ್ಡರನ್ನು ಅವರ ಎದುರೇ ಹಿಡಿದು ಅಳಿಸಿದೆ. ಅದರದ್ದು ಬೆಳಿಗ್ಗೆಯೇ ಕಂಪ್ಯೂಟರಿಗೆ ಇಳಿದಿತ್ತು ಎಂಬುದು ಅವರಿಗೆ ಗೊತ್ತಿರಲಿಲ್ಲ. ಅವರು ಏಳುವಾಗ ನಾನು, ಧೈರ್ಯವೋ ಮೊಂಡುತನವೋ, ನಿಮ್ಮ ತಮ್ಮ ಈಗ ಎಲ್ಲಿದ್ದಾರೆ ಎಂದು ಕೇಳಿಬಿಟ್ಟೆ. ಅವರು ಬಾಗಿಲವರೆಗೆ ಹೋಗಿ ತಿರುಗಿದರು. ಬೊಂಬಾಯಿಯಲ್ಲಿದ್ದಾನೆ, ಎಲ್ಲರೂ ಬೊಂಬಾಯಿಯಲ್ಲೇ ಅಲ್ಲವೇ ಇರುವುದು ಎಂದು ಮೆಲ್ಲಗೆ ಹೇಳಿ ಮೆಟ್ಟಿಲಿಳಿದರು.

ಅವರು ಅದನ್ನು ಹಾಕಿಸಿದ್ದು ಯಾಕೆಂದು ನನಗೆ ಆಮೇಲೆ ಹೊಳೆಯಿತು. ಬಚ್ಚಿಟ್ಟದ್ದು ಒಂದಲ್ಲ ಒಂದು ದಿನ ಹೊರಬರುತ್ತದೆ. ಊರೆಲ್ಲ ನಕ್ಕು ಮುಗಿಸಿದ್ದನ್ನು ಮತ್ತೆ ಯಾರೂ ಕೆದಕುವುದಿಲ್ಲ.

ಯಜಮಾನ ನನ್ನನ್ನು ಕೇಳದೆ ಅಂದು ಸಂಜೆಯೇ, ಮೊದಲಿನ ಕರೆಯೊಂದನ್ನು ಉಳಿಸಿ, ಬಾಕಿ ಮಾತಿಗೆಲ್ಲ ಚಂಡೆ ಸೇರಿಸಿ ಹಾಕಿದ. ನಮ್ಮ ಯಾವ ಚಿತ್ರಕ್ಕೂ ಜನ ಅಷ್ಟು ನಕ್ಕಿರಲಿಲ್ಲ. ಬಸ್ಸಿನಲ್ಲಿ, ಮದುವೆ ಮನೆಯಲ್ಲಿ, ಕ್ಷೌರದಂಗಡಿಯಲ್ಲಿ ಅದೇ ಚಂಡೆ ಕೇಳಿಸುತ್ತಿತ್ತು. ಯುವಕರು ಒಬ್ಬರನ್ನೊಬ್ಬರು "ಅಣ್ಣಯ್ಯಾ" ಎಂದು ಕರೆದು ಕಾಲಿಗೆ ಬೀಳುವ ಆಟ ಶುರುಮಾಡಿದರು. ನನಗೆ ಆ ಸದ್ದಿನಡಿಯಲ್ಲಿ ಬೇರೆಯೇ ಮಾತು ಕೇಳಿಸುತ್ತಿತ್ತು. ಕೆಲಸಕ್ಕೆ ಹೋಗುವುದಿಲ್ಲ ಎಂದಿದ್ದವಳು ಆ ಕಂಪ್ಯೂಟರು ಅಲ್ಲಿದೆಯಲ್ಲ ಎಂಬ ಚಿಂತೆಗೆ ದಿನಾ ಹೋಗಿ ಕೂರುತ್ತಿದ್ದೆ. ಎದುರಿನ ರಸ್ತೆಯಲ್ಲಿ ಕಾಯಿ ತುಂಬುವ ಪಿಕಪ್ ಗಾಡಿಯೊಂದು ಮಧ್ಯಾಹ್ನ ಮೇಲೆ ಬಂದು ನಿಲ್ಲುತ್ತಿತ್ತು. ಯಾರೂ ಇಳಿಯುತ್ತಿರಲಿಲ್ಲ. ಅಪ್ಪಯ್ಯನಿಗೆ ಅಂಗಡಿಯ ಎದುರು ಕೂರಬೇಡಿ, ಒಳಗೆ ಕೂರಿ ಎಂದೆ. ಕಾರಣ ಹೇಳಲಾಗಲಿಲ್ಲ. ವೇಷದವನು ಕಾಲು ನೋವಿನ ನೆಪ ಹೇಳಿ ಮನೆ ಬಿಟ್ಟು ಹೊರಗೆ ಬರುವುದನ್ನೇ ನಿಲ್ಲಿಸಿದ.

ಆ ಹೆಂಗಸು ಬಂದದ್ದು ಒಂದು ಬೆಳಿಗ್ಗೆ, ಪಿಕಪ್ ಬರುವುದಕ್ಕೆ ಬಹಳ ಮೊದಲು. ಐವತ್ತರ ಆಚೀಚಿನವರು. ಇಸ್ತ್ರಿಯ ಮಡಿಕೆ ಇನ್ನೂ ಮುರಿಯದ ಸೀರೆ, ತಲೆಯಲ್ಲಿ ಮಲ್ಲಿಗೆ, ಹಣೆಯಲ್ಲಿ ಅಗಲ ಕುಂಕುಮ. ದೇವಸ್ಥಾನಕ್ಕೆ ಹೋಗುತ್ತೇನೆಂದು ಮನೆಯಲ್ಲಿ ಹೇಳಿ ಬಂದೆ ಎಂದರು. ನಾನು ಕುರ್ಚಿ ಕೊಟ್ಟರೂ ಕೂರಲಿಲ್ಲ. ಬಾಗಿಲಲ್ಲೇ ನಿಂತು ಕೋಣೆಯ ಮೂಲೆ ಮೂಲೆಯನ್ನೂ ಕಣ್ಣಲ್ಲೇ ಹುಡುಕಿದರು. ಪಕ್ಕದ ಮನೆಯ ಹುಡುಗಿ ಮೊಬೈಲಿನಲ್ಲಿ ತೋರಿಸಿದಳಂತೆ. ಭಾವ ಕಾಲಿಗೆ ಬಿದ್ದದ್ದು ಕಂಡಿತಂತೆ. ನಿಂತವರ ಬೆನ್ನು ಮಾತ್ರ ಕಂಡಿತಂತೆ, ಗಡ್ಡ ತೆಗೆಯುವುದರೊಳಗೆ ಹುಡುಗಿ ನಕ್ಕು ನಕ್ಕು ಮೊಬೈಲು ಕೆಳಗಿಟ್ಟಳಂತೆ.

"ನಮ್ಮನಿಯವ್ರ್ ಎಲ್ಲಿ ಉಳ್ಕಂಡಿರ್?" ಎಂದರು. "ಬೊಂಬಾಯಿಗೆ ಹೋಪತಿಗೆ ಕಾಲ್ ಸಮ ಇದ್ದಿತ್. ಅಲ್ಲಿ ಎಲ್ಲಾದ್ರೂ ಬಿದ್ದಿರಾ?"

ಇಷ್ಟು ವರ್ಷಗಳಲ್ಲಿ ಎಷ್ಟೋ ಜನರ ಪೆಚ್ಚು ದನಿ ಕೇಳಿದ್ದೇನೆ. ಅವರ ದನಿಯಲ್ಲಿ ಇದ್ದದ್ದು ಹುರುಪು. ನನಗೆ ಅಳು ಬಂತು, ಅದನ್ನು ಮುಚ್ಚಲು ನೀರು ತರುವ ನೆಪದಲ್ಲಿ ಹೊರಗೆ ಹೋದೆ. ಮೆಟ್ಟಿಲ ಬಳಿ ನಿಂತು ಯೋಚಿಸಿದೆ. 'ಅದು ನಮ್ಮ ವೇಷದವನು, ತಪ್ಪಾಯಿತು ಅಮ್ಮಾ' ಎಂದು ನಾನು ಕೈ ಮುಗಿದರೆ ಅವರು ನಾಚಿ ಮನೆಗೆ ಹೋಗುತ್ತಾರೆ. ನಾಳೆಯೂ ಕುಂಕುಮ ಇಟ್ಟುಕೊಳ್ಳುತ್ತಾರೆ, ಕಾಯುತ್ತಾರೆ, ಭಾವನಿಗೆ ಬಡಿಸುತ್ತಾರೆ. ಯಾರಿಗೂ ಏನೂ ಆಗುವುದಿಲ್ಲ. ನನ್ನ ಅಪ್ಪಯ್ಯ ಅಂಗಡಿಯ ಎದುರು ಮತ್ತೆ ಕೂರಬಹುದು.

ಒಳಗೆ ಬಂದು ಅದು ನಮ್ಮ ತಂಡದವನೆಂದು ಹೇಳಿದೆ. ಗಡ್ಡ ಕಿತ್ತ ಚಿತ್ರವನ್ನೂ ತೋರಿಸಿದೆ. ಅವರು ಅದನ್ನು ನೋಡಿ, ನೀರಿನ ಲೋಟವನ್ನು ಕುಡಿಯದೆ ಮೇಜಿನ ಮೇಲಿಟ್ಟರು. ಈಗ ಹೊರಡುತ್ತಾರೆ ಎಂದುಕೊಂಡೆ. ಹೊರಡಲಿಲ್ಲ.

"ಹಾಂಗಾರೆ ಭಾವ ಯಾರಂದೇಳಿ ಹೆದ್ರದ್ದ್?"

ಅದನ್ನು ಅವರೇ ಕೇಳಿದ ಮೇಲೆ ನನಗೆ ಬೇರೆ ದಾರಿ ಉಳಿಯಲಿಲ್ಲ. ಈಗ ಕೇಳಿಸುವುದು ಒಳ್ಳೆಯದಲ್ಲ, ಬೇಡವೆಂದರೆ ಈಗಲೇ ಹೇಳಿ ಎಂದೆ. ಕೇಳಿಸಿ ಎಂದರು. ಮಲ್ಲಿಗೆಗೆ ತಾಗದ ಹಾಗೆ ಹೆಡ್‌ಫೋನನ್ನು ಅವರ ತಲೆಗೆ ಹಾಕಿ, ಚಂಡೆ ಇಲ್ಲದ ಸದ್ದನ್ನು ಹಚ್ಚಿದೆ.

ನಾನು ಅವರ ಮುಖ ನೋಡಲಿಲ್ಲ. ಮುಖಗಳನ್ನು ನೋಡುವುದೇ ನಮ್ಮ ಕಸುಬಾಗಿದ್ದರೂ ಆಗಲಿಲ್ಲ. ಅವರ ಕೈ ಮಾತ್ರ ಕಾಣುತ್ತಿತ್ತು, ಮೇಜಿನ ಅಂಚನ್ನು ಹಿಡಿದದ್ದು. ಮುಗಿದ ಮೇಲೆ, ಇನ್ನೊಂದು ಸಲ ಎಂದರು. ಎರಡನೆಯ ಸಲ ಮುಗಿದ ಮೇಲೆ ತಾವೇ ಹೆಡ್‌ಫೋನ್ ತೆಗೆದು, ಸಿಕ್ಕಿಕೊಂಡ ಮಲ್ಲಿಗೆ ಎಸಳನ್ನು ಬಿಡಿಸಿ, ನನ್ನ ಕೈಗೆ ಕೊಟ್ಟರು. ಠಾಣೆ ಎಲ್ಲಿದೆ, ನೀವು ಜೊತೆಗೆ ಬರುತ್ತೀರಾ ಎಂದು ಕೇಳಿದರು. ಯಜಮಾನ ಅಷ್ಟು ಹೊತ್ತಿಗೆ ಬಂದು ಬಾಗಿಲಲ್ಲಿ ನಿಂತಿದ್ದ. ಅವರ ಮಾತು ಕೇಳಿಸಿಕೊಂಡವನು ವ್ಯಾನಿನ ಕೀಲಿ ತೆಗೆದುಕೊಟ್ಟ.

ಠಾಣೆಯಲ್ಲಿ ಕಾಯುವಾಗ ಒಬ್ಬ ಪೊಲೀಸು ನನ್ನ ಗುರುತು ಹಿಡಿದು, ಆ ಕಾಯಿ ಸಾಹುಕಾರರ ಕಾಮೆಡಿ ಮಾಡಿದವರಲ್ಲವೇ ಎಂದು ಪಕ್ಕದವನಿಗೆ ತೋರಿಸಿದ. ಇಬ್ಬರೂ ನಕ್ಕರು. ಆ ಹೆಂಗಸು ಬೆಂಚಿನ ತುದಿಯಲ್ಲಿ ಕೈ ಮಡಿಲಲ್ಲಿಟ್ಟು ಕುಳಿತಿದ್ದರು. ಅವರು ಯಾರೆಂದು ತಿಳಿದಾಗ ನಗು ನಿಂತಿತು.

ಅಧಿಕಾರಿ ಘಟ್ಟದ ಮೇಲಿನವರು, ಒರಟರಲ್ಲ. ಸದ್ದನ್ನು ಪೂರ್ತಿ ಕೇಳಿದರು. ಆಮೇಲೆ ಬೇರೆ ಕೋಣೆಗೆ ಹೋಗಿ ಸಾಹುಕಾರರಿಗೆ ಫೋನು ಮಾಡಿ ಬಂದರು. ಬಂದು ಹೇಳಿದ್ದು ಇಷ್ಟು: ಸಾಹುಕಾರರಿಗೆ ಚೀಲದೊಳಗಿನ ಕ್ಯಾಮೆರಾ ಬೆಳಿಗ್ಗೆಯೇ ಕಂಡಿತ್ತಂತೆ. ಚಾನೆಲ್ಲಿನವರು ಬಂದಿದ್ದಾರೆ, ತಾನೂ ಸ್ವಲ್ಪ ನಾಟಕ ಆಡೋಣ ಎಂದು ಬಾಯಿಗೆ ಬಂದದ್ದು ಹೇಳಿದರಂತೆ. ಎಡೆ ಎಂದದ್ದೂ ನಾಟಕವೇ, ತಮ್ಮ ಬದುಕಿರುವಾಗ ಯಾರಾದರೂ ಹಾಕುತ್ತಾರೆಯೇ ಎಂದು ನಕ್ಕರಂತೆ. ಹಾಕಿ ಎಂದು ತಾವೇ ಹೇಳಿದ್ದು ಅದಕ್ಕಂತೆ. ಈ ಕಥೆಗೆ ಎಲ್ಲ ಸರಿಯಾಗಿ ಕೂರುತ್ತಿತ್ತು. ತಮಾಷೆ ಮಾಡಲು ಹೋದವರು ನಾವು, ತಮಾಷೆಯಲ್ಲ ಎಂದು ಈಗ ಹೇಳುವವರೂ ನಾವೇ.

ಅಧಿಕಾರಿ ಆ ಹೆಂಗಸಿನ ಕಡೆ ತಿರುಗಿ, ಬೇಸರದಿಂದಲೇ, ಅಮ್ಮಾ, ಇಂಥ ಎಡೆ ಹಾಕಿದ್ದನ್ನು ಯಾರಾದರೂ ಕಣ್ಣಾರೆ ಕಂಡವರು ಇದ್ದಾರೆಯೇ ಎಂದು ಕೇಳಿದರು.

"ಅಡ್ಗಿ ಮಾಡುದ್ ನಾನೇ," ಎಂದರು ಅವರು. ದನಿ ಏರಲಿಲ್ಲ. "ವರ್ಷಕ್ಕೊಂದ್ ದಿನ, ಅದೇ ದಿನ. ಯಾರಿಗೆ ಅಂದೇಳಿ ಕೇಂಡ್ರೆ ಭಾವ, ದಿಕ್ಕಿಲ್ದೆ ಹೋದವ್ರಿಗೆ ಅಂತಿದ್ರ್. ಕುಚ್ಲಕ್ಕಿ ಅನ್ನ, ಹುರ್ಳಿ ಸಾರ್, ಸುಟ್ಟ್ ಬಂಗ್ಡಿ ಮೀನ್ ಬೇಕ್ ಅಂತ ಅವ್ರೇ ಹೇಳುದ್. ಸುಟ್ಟ್ ಬಂಗ್ಡಿ ಅಂದ್ರೆ ನಮ್ಮನಿಯವ್ರಿಗೆ ಜೀವ. ಅದ್ಕೆ ನಾನ್ ಆ ದಿನ ಒಂದ್ ಹೆಚ್ಚಿಗೆ ಸುಟ್ಟ್ ಮುಚ್ಚಿ ಇಡ್ತಿದ್ದೆ, ಬಂದ್ರೆ ಇರ್ಲಿ ಅಂದೇಳಿ."

ಅಧಿಕಾರಿ ಎದ್ದು ಟೋಪಿ ಹಾಕಿಕೊಂಡು, ಬಾಗಿಲ ಬಳಿ ಇದ್ದ ಪೊಲೀಸನಿಗೆ ಜೀಪು ತೆಗೆಯಲು ಹೇಳಿದರು.